ಬಂಡವಾಳವೂ ದಾಸೋಹವೂ

ಕೊಡುವ ಕೈಗಳೆಲ್ಲ ಒಂದೇ ಬಗೆಯವಲ್ಲ. ನೀಡಿದುದಕ್ಕೆ ಮರಳಿ ಏನನ್ನೂ ಬಯಸದಿರುವುದು ದಾಸೋಹ. ಲಾಭದಲ್ಲಿ ಪಾಲನ್ನು ಬಯಸಿ ತೊಡಗಿಸುವುದು ಬಂಡವಾಳ. ಎರಡನೆಯದು ಹೀನವೆಂದಲ್ಲ, ಸತ್ಯಶುದ್ಧವಾದ ವ್ಯಾಪಾರವೂ ಕಾಯಕವೇ. ಆದರೆ ಒಂದನ್ನು ಇನ್ನೊಂದೆಂದು ಬಗೆದರೆ ಕೇಡು ತಪ್ಪದು. ನಮ್ಮ ಸಮಾಜದ ಮಕ್ಕಳಲ್ಲಿಯೂ ಕೆಲವರು ನೌಕರಿಯನ್ನು ತೊರೆದು ಸ್ವಂತ ಉದ್ಯಮವನ್ನು, ಅವರ ಮಾತಿನಲ್ಲಿ ಸ್ಟಾರ್ಟ್‌ಅಪ್ಪನ್ನು, ಆರಂಭಿಸಲು ಹಂಬಲಿಸುತ್ತಿರುವುದರಿಂದ ಈ ವಿವೇಕವು ತಂದೆತಾಯಿಗಳಿಗೂ ಅವಶ್ಯವಾಗಿದೆ.

ಇಂತಹ ಎಳೆಯ ಉದ್ಯಮಗಳಿಗೆ ಹಣ, ಸ್ಥಳ, ತಿಳಿವಳಿಕೆಗಳನ್ನು ಒದಗಿಸಿ ಕೆಲವು ತಿಂಗಳುಗಳಲ್ಲಿ ಬೆಳೆಸುವ ವ್ಯವಸ್ಥೆಗೆ ಆಕ್ಸಿಲರೇಟರ್ ಎಂದು ಹೆಸರು. ದೊಡ್ಡ ದೂರಸಂಪರ್ಕ ಕಂಪನಿಗಳೂ ಇದನ್ನು ನಡೆಸುತ್ತವೆ. ಸ್ಪೇನ್ ದೇಶದ ಮ್ಯಾಡ್ರಿಡ್ ನಗರದಲ್ಲಿ 1924ರಲ್ಲಿ ಸ್ಥಾಪಿತವಾದ ಟೆಲಿಫೋನಿಕಾ ಕಂಪನಿಯು 2011ರಲ್ಲಿ ‘ವಾಯ್ರಾ’ ಎಂಬ ಸಂಸ್ಥೆಯನ್ನು ಆರಂಭಿಸಿತು. ದಕ್ಷಿಣ ಅಮೆರಿಕದ ಆಂಡಿಸ್ ಪರ್ವತಪ್ರದೇಶದ ಕೆಚುವಾ ಭಾಷೆಯಲ್ಲಿ ಈ ಪದಕ್ಕೆ ಗಾಳಿ ಎಂದರ್ಥ. ಲ್ಯಾಟಿನ್ ಅಮೆರಿಕ ಮತ್ತು ಸ್ಪೇನ್‌ಗಳಲ್ಲಿ ಮೊದಲುಗೊಂಡು ತರುವಾಯ ಲಂಡನ್, ಮ್ಯೂನಿಕ್ ಮೊದಲಾದೆಡೆ ಅದು ಹಬ್ಬಿತು. ಆರಂಭದ ವರ್ಷಗಳಲ್ಲಿ ಆಯ್ಕೆಯಾದ ತಂಡಕ್ಕೆ ಸುಮಾರು 40,000ದಿಂದ 50,000 ಯೂರೋಗಳಷ್ಟು ಹಣ, ಕಚೇರಿ, ಅನುಭವಿಗಳ ಮಾರ್ಗದರ್ಶನ ದೊರೆಯುತ್ತಿದ್ದವು. ಪ್ರತಿಯಾಗಿ ಉದ್ಯಮದ ಒಡೆತನದಲ್ಲಿ ಸಾಮಾನ್ಯವಾಗಿ ನೂರಕ್ಕೆ ಹತ್ತರವರೆಗಿನ ಪಾಲು ಸಂಸ್ಥೆಗೆ ಸಲ್ಲುತ್ತಿತ್ತು.

ಕಂಪನಿಗೆ ಇದರಿಂದೇನು ಪ್ರಯೋಜನ? 2009ರಲ್ಲಿ ಹುಟ್ಟಿದ ವಾಟ್ಸ್ಆ್ಯಪಿನಂತಹ ಸೇವೆಗಳು ಕಿರುಸಂದೇಶದಿಂದ ಬರುತ್ತಿದ್ದ ಆದಾಯವನ್ನು ಕುಗ್ಗಿಸಿದವು. ಹೊಸ ಬುದ್ಧಿಯು ಹೊರಗೆ ಹುಟ್ಟುತ್ತಿದ್ದರೆ ಅದರೊಡನೆ ಆರಂಭದಲ್ಲಿಯೇ ಸಂಬಂಧ ಬೆಳೆಸುವುದು ಜಾಣತನವಷ್ಟೆ. ಇದು ದಾಸೋಹವಲ್ಲ, ವ್ಯವಹಾರ.

ಇದರಲ್ಲಿ ಉದ್ಯಮಿಗೆ ಲಾಭವಿಲ್ಲವೆಂದಲ್ಲ. ಪಾಲಿಗಾಗಿ ಬಂದ ಹಣವು ಸಾಲವಲ್ಲ. ಉದ್ಯಮವು ಮುಳುಗಿದರೆ ಸಾಮಾನ್ಯವಾಗಿ ಅದನ್ನು ಮನೆಮಾರಿ ತೀರಿಸಬೇಕಾಗಿಲ್ಲ. ಆದರೆ ಲೆಕ್ಕವನ್ನು ಅರಿತಿರಬೇಕು. ನೂರರಲ್ಲಿ 10 ಪಾಲನ್ನು ಕೊಟ್ಟ ಮೇಲೆ ಉಳಿದದ್ದು 90. ಮುಂದಿನ ಹೂಡಿಕೆದಾರನಿಗೆ ಒಟ್ಟಿನಲ್ಲಿ ನೂರಕ್ಕೆ 20 ಕೊಟ್ಟರೆ ಅದು 72ಕ್ಕೆ ಇಳಿಯುತ್ತದೆ. ಮತ್ತೊಬ್ಬನಿಗೂ ಅಷ್ಟೇ ಕೊಟ್ಟರೆ 57.6. ಇಬ್ಬರು ಗೆಳೆಯರು ಕೂಡಿ ಕಟ್ಟಿದ್ದರೆ ತಲಾ 28.8. ಉದ್ಯಮದ ಬೆಲೆ ಬೆಳೆದಿರಬಹುದು; ಆದರೆ ಅದರ ಮೇಲಿನ ಅಧಿಕಾರವು ಕೈಜಾರುತ್ತಿರುತ್ತದೆ.

ಪೋಷಕರ ಮನಸ್ಸೂ ಸ್ಥಿರವಲ್ಲ. 2018ರ ಹೊತ್ತಿಗೆ ವಾಯ್ರಾ ತನ್ನ ರೀತಿಯನ್ನು ಬದಲಿಸಿ, ಮಾತೃಕಂಪನಿಯ ವ್ಯವಹಾರಕ್ಕೆ ಒಗ್ಗುವ, ತಕ್ಕಮಟ್ಟಿಗೆ ಬಲಿತ ಉದ್ಯಮಗಳತ್ತ ಹೆಚ್ಚು ಗಮನವಿತ್ತಿತು. 2025ರಲ್ಲಿ ಟೆಲಿಫೋನಿಕಾ ಅರ್ಜೆಂಟೀನಾದ ತನ್ನ ಕಂಪನಿಯನ್ನೂ, ಕೆಚುವಾ ಭಾಷಿಕರ ನಾಡಾದ ಪೆರುವಿನ ಕಂಪನಿಯನ್ನೂ ಮಾರಿತು. ಗಾಳಿಯು ಬೀಸಿದ ದಿಕ್ಕಿಗೇ ಸದಾ ಬೀಸುವುದೆಂದು ನಂಬಿ ಹಾಯಿ ಕಟ್ಟಬಾರದು.

ಇಲ್ಲಿ ಆಯ್ದಕ್ಕಿ ಲಕ್ಕಮ್ಮನವರ ಪ್ರಸಂಗವು ನೆನೆಯತಕ್ಕದ್ದು. ಕಲ್ಯಾಣದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವುದು ಮಾರಯ್ಯನವರ ಕಾಯಕ. ಒಂದು ದಿನ ಎಂದಿಗಿಂತ ಹೆಚ್ಚು ತಂದಾಗ, ಬೇಕಾದಷ್ಟನ್ನೇ ಇರಿಸಿಕೊಂಡು ಉಳಿದುದನ್ನು ಹಿಂದಕ್ಕೆ ಸುರಿದು ಬರುವಂತೆ ಆ ಮಹಾತಾಯಿ ಪತಿಗೆ ತಿಳಿಹೇಳಿದರು. ದೊರೆಯುವುದೆಲ್ಲವೂ ಬೇಕಾದುದಲ್ಲವೆಂಬ ಅರಿವೇ ಅವರ ಸಿರಿ. ಬಂಡವಾಳಕ್ಕೂ ಇದೇ ಅಳತೆಗೋಲು: ಕಾಯಕ ಸಾಗಲು ಎಷ್ಟು ಬೇಕೋ ಅಷ್ಟೇ ಸಾಕು, ಏಕೆಂದರೆ ಹೆಚ್ಚಿನ ಪ್ರತಿ ರೂಪಾಯಿಯೂ ಒಡೆತನದ ಒಂದು ಚೂರನ್ನು ಕೇಳುತ್ತದೆ.

ಆದುದರಿಂದ ಮಗನಾಗಲಿ ಮಗಳಾಗಲಿ ಇಂತಹ ಒಪ್ಪಂದಪತ್ರವನ್ನು ಮನೆಗೆ ತಂದಾಗ ಹಿರಿಯರು ಗದರಿಸಬಾರದು, ಹಿಗ್ಗಲೂಬಾರದು. ಜೊತೆಯಲ್ಲಿ ಕುಳಿತು ಓದಬೇಕು. ಎಷ್ಟು ಪಾಲು ಹೋಗುತ್ತದೆ, ತೀರ್ಮಾನದ ಅಧಿಕಾರ ಯಾರದು, ಕಂಪನಿ ಕೈಬಿಟ್ಟರೆ ಗತಿಯೇನು ಎಂಬ ಮೂರನ್ನು ಕೇಳಬೇಕು. ಬಲ್ಲ ವಕೀಲರಿಗೂ ತೋರಿಸಬೇಕು. ವಾಸದ ಮನೆಯನ್ನೂ ತಾಯಿಯ ಬಂಗಾರವನ್ನೂ ಒತ್ತೆಯಿಡುವುದು ಮಾತ್ರ ಬೇಡ. ಕಾಯಕವು ನಮ್ಮದು; ಅದರ ಒಡೆತನವನ್ನು ಅರಿಯದೆ ಬಿಟ್ಟುಕೊಡುವುದು ತ್ಯಾಗವಲ್ಲ, ಮರವೆ.