ಕಂತು ಬೇಕಾದರೆ ಹರಾಜಿಗೆ ಮೊದಲೇ ಕೇಳಿ

ಬ್ಯಾಂಕಿನವರು ಬೀಗ ಜಡಿಯಲು ಬಂದರೆ ಹೈಕೋರ್ಟಿಗೆ ಓಡುವುದು, ಕಂತು ಬರೆಸಿಕೊಂಡು ಬರುವುದು ಸಾಲಗಾರರ ರೂಢಿ. ಕೇರಳ ಹೈಕೋರ್ಟಂತೂ ಎಷ್ಟೋ ಪ್ರಕರಣಗಳಲ್ಲಿ 'ಇಷ್ಟು ಈಗ ಕಟ್ಟು, ಉಳಿದದ್ದು ತಿಂಗಳ ಕಂತಿನಲ್ಲಿ ತೀರಿಸು' ಎಂದು ಕರುಣೆ ತೋರಿತ್ತು. 2023ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟು ಸೌತ್ ಇಂಡಿಯನ್ ಬ್ಯಾಂಕಿನ ಮೊಕದ್ದಮೆಯಲ್ಲಿ ಇದನ್ನು ಆಕ್ಷೇಪಿಸಿತು. ತೀರಾ ಅಪರೂಪದ ಪ್ರಸಂಗ ಬಿಟ್ಟರೆ ಹೈಕೋರ್ಟು ನಡುವೆ ಬರಕೂಡದು, ಅದಕ್ಕೆಂದೇ ಇರುವ ಟ್ರಿಬ್ಯೂನಲ್‌ಗೆ ಹೋಗಲಿ ಎಂದಿತು.

ಕೇರಳದ ಮಾತು ನಮಗ್ಯಾಕೆ ಅಂತೀರಾ? ಕಾನೂನು ಇಬ್ಬರಿಗೂ ಒಂದೇ, 2002ರ ಸರ್ಫೇಸಿ ಕಾಯ್ದೆ. ಅಂಗಡಿಯನ್ನೋ ಮನೆಯನ್ನೋ ಅಡವಿಟ್ಟು ಸಾಲ ತಂದವರು 90 ದಿನ ಬಾಕಿ ಉಳಿಸಿಕೊಂಡರೆ ಖಾತೆ ಕೆಟ್ಟ ಸಾಲದ ಪಟ್ಟಿಗೆ ಸೇರುತ್ತದೆ. ಆಮೇಲೆ ಬ್ಯಾಂಕ್ ದಾವೆ ಹೂಡದೆಯೇ ಆಸ್ತಿ ಹಿಡಿಯಬಹುದು. ಕೃಷಿ ಜಮೀನಿಗೆ ಮಾತ್ರ ಈ ಕಾಯ್ದೆ ತಾಗದು.

ಹಾಗಂತ ಬಾಗಿಲೆಲ್ಲ ಮುಚ್ಚಿಲ್ಲ. ಮೊದಲು 60 ದಿನದ ನೋಟೀಸು ಬರಬೇಕು. ನೀವು ಬರವಣಿಗೆಯಲ್ಲಿ ತಕರಾರು ಕೊಟ್ಟರೆ ಬ್ಯಾಂಕ್ 15 ದಿನದಲ್ಲಿ ಉತ್ತರಿಸಬೇಕು. ಕಂತಿನ ಮಾತೆತ್ತಲು ಇದೇ ಸರಿಯಾದ ಹೊತ್ತು. ಕೈಯಲ್ಲಿ ಒಂದಿಷ್ಟು ದುಡ್ಡು ಹಿಡಿದು ಹೋದರೆ ಮಾತಿಗೆ ತೂಕ. ಆಸ್ತಿ ಸ್ವಾಧೀನಕ್ಕೆ ತೆಗೆದುಕೊಂಡರೆ 45 ದಿನದೊಳಗೆ ಸಾಲ ವಸೂಲಿ ಟ್ರಿಬ್ಯೂನಲ್‌ಗೆ ಅರ್ಜಿ ಹಾಕಬೇಕು. ಹರಾಜು ಪ್ರಕಟಣೆ ಹೊರಬಿತ್ತೋ, ಆಟ ಮುಗಿದಂತೆ. 2016ರ ತಿದ್ದುಪಡಿಯ ಪ್ರಕಾರ ಆಮೇಲೆ ಪೂರ್ತಿ ಹಣ ತಂದರೂ ಬಿಡಿಸಿಕೊಳ್ಳುವ ಹಕ್ಕಿಲ್ಲ ಎಂದು 2023ರ ಸೆಪ್ಟೆಂಬರ್‌ನಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ.

ಅಡವಿಲ್ಲದ ಸಾಲದ ದಾರಿಯೇ ಬೇರೆ. 20 ಲಕ್ಷಕ್ಕಿಂತ ಕಡಿಮೆ ಬಾಕಿಗೆ ಬ್ಯಾಂಕ್ ಸಿವಿಲ್ ಕೋರ್ಟಿಗೇ ಬರಬೇಕು. ತಕ್ಕ ಕಾರಣ ಕಂಡರೆ ಡಿಕ್ರಿ ಕೊಡುವಾಗಲೇ ನ್ಯಾಯಾಧೀಶರು ಕಂತು ಹಾಕಬಹುದು. ಡಿಕ್ರಿಯಾದ ಮೇಲೆ ಕೇಳಿದರೆ ಬ್ಯಾಂಕಿನ ಒಪ್ಪಿಗೆ ಬೇಕು. ಸಮನ್ಸ್ ಬಂದರೂ ಕೋರ್ಟಿಗೆ ಹೋಗದೆ ಕೂತವರು ಕಳೆದುಕೊಳ್ಳುವುದು ಇದನ್ನೇ. ಲೋಕ ಅದಾಲತ್‌ನಲ್ಲಿ ಇಬ್ಬರೂ ಒಪ್ಪಿದರೆ ಖರ್ಚಿಲ್ಲದೆ ಕಂತು ಸಿಗುತ್ತದೆ. ಆದರೆ ಅಲ್ಲಿನ ರಾಜಿಯೂ ಡಿಕ್ರಿಗೆ ಸಮ, ಅಪೀಲಿಲ್ಲ. ಆಗದ ಕಂತಿಗೆ ಹೂಂ ಅನ್ನಬೇಡಿ.

ಹೈಕೋರ್ಟು ದಾರಿ ತಪ್ಪಿಸಿತೆಂದು ಮೇಲಿನವರು ಹೇಳಿದ್ದು ಕಾನೂನಿನ ಲೆಕ್ಕಕ್ಕೆ ಸರಿಯಿರಬಹುದು. ಆದರೆ ಟ್ರಿಬ್ಯೂನಲ್ ಇರುವುದು ಬೆಂಗಳೂರಿನಲ್ಲಿ. ದೂರದ ತಾಲ್ಲೂಕಿನ ಕಿರಾಣಿ ಅಂಗಡಿಯವನು ವಾಯಿದೆಗೊಮ್ಮೆ ಕದ ಹಾಕಿ, ರಾತ್ರಿ ಬಸ್ಸು ಹತ್ತಿ, ವಕೀಲರ ಫೀಜು ತೆತ್ತರೆ ಕಂತು ಕಟ್ಟಲು ಉಳಿಯುವುದೇನು? ಅಂಗಡಿ ತೆರೆದಿದ್ದರೆ ತಾನೇ ಬ್ಯಾಂಕಿನ ದುಡ್ಡು ಹುಟ್ಟುವುದು! ಆ 60 ದಿನದಲ್ಲಿ ಶಾಖೆಯಲ್ಲೇ ಕೂರಿಸಿ ಕಂತಿನ ಮಾತಾಡುವುದು ಬ್ಯಾಂಕಿಗೂ ಲಾಭವೇ.

ಅಲ್ಲಿಯವರೆಗೆ ವ್ಯಾಪಾರಸ್ಥರಿಗೆ ನಮ್ಮದೊಂದೇ ಮಾತು: ನೋಟೀಸನ್ನು ಗಲ್ಲಾಪೆಟ್ಟಿಗೆ ಅಡಿಗೆ ತಳ್ಳಬೇಡಿ. ಬಂದ ತಾರೀಖು ಬರೆದಿಟ್ಟು, ಆ ವಾರವೇ ಉತ್ತರ ಬರೆದು, ಸಹಿ ಹಾಕಿಸಿಕೊಂಡ ನಕಲು ತನ್ನಿ.