ಕಪ್ಪು ಉಡುಪಿನ ಆಚೆಗೆ

"ಓ, ಆ ಕಪ್ಪು ಉಡುಪಿನ ಕಳ್ಳಿಯೇ?" ಫ್ರಾನ್ಸಿನ ಮ್ಯೂಸಿಡೋರಾಳ ಹೆಸರೆತ್ತಿದರೆ ಸಿನಿಮಾ ಬಲ್ಲವರು ಕೇಳುವುದು ಇದನ್ನೇ. ಕೇಳಿದಾಗಲೆಲ್ಲ ನನಗೆ ಸಿಟ್ಟು ಬರುತ್ತದೆ.

ಪೂರ್ತಿ ಅವರ ತಪ್ಪೂ ಅಲ್ಲವೆನ್ನಿ. 1915ರಲ್ಲಿ ಲೂಯಿ ಫೊಯಾದ್ 'ಲೆ ವಾಂಪೀರ್' ಎಂಬ ಮೂಕಿಚಿತ್ರವನ್ನು ತೆರೆಗೆ ತರತೊಡಗಿದ. ಒಟ್ಟು ಹತ್ತು ಕಂತು. ಅದರಲ್ಲಿ ಪ್ಯಾರಿಸ್ಸನ್ನು ನಡುಗಿಸುವ ಕಳ್ಳರ ಗುಂಪಿನ ಇರ್ಮಾ ವೆಪ್ ಆಗಿ, ಮೈಗಂಟಿದ ಕರಿಯ ಉಡುಪಿನಲ್ಲಿ ಈಕೆ ಕಾಣಿಸಿಕೊಂಡಳು. ಆ ಪಾತ್ರ ನನಗೂ ಇಷ್ಟವೇ. ಆದರೆ ಒಬ್ಬ ಹೆಂಗಸಿನ ಆಯುಷ್ಯದ ದುಡಿಮೆಯನ್ನೆಲ್ಲ ಒಂದು ಉಡುಪಿನೊಳಗೆ ಮಡಚಿಟ್ಟುಬಿಟ್ಟರೆ ಹೇಗೆ?

ಒಂದಿಷ್ಟು ಲೆಕ್ಕ ಹಾಕೋಣ. 1889ರಲ್ಲಿ ಪ್ಯಾರಿಸ್ಸಿನಲ್ಲಿ ಹುಟ್ಟಿದಾಗ ಆಕೆ ಜಾನ್ ರೋಕ್. ಮ್ಯೂಸಿಡೋರಾ ಎಂಬ ಹೆಸರನ್ನು ತೆಯೋಫಿಲ್ ಗೋತಿಯೆಯ ಕಾದಂಬರಿಯಿಂದ ಆರಿಸಿಕೊಂಡವಳು ತಾನೇ. ನಟನೆಯಲ್ಲಿ ಹೆಸರು ಬಂದ ಮೇಲೆ ಸುಮ್ಮನೆ ಕೂರಲಿಲ್ಲ. ಗೆಳತಿ, ಲೇಖಕಿ ಕೊಲೆತ್ ಬರೆದ ಕಥೆಯನ್ನು 1918ರಲ್ಲಿ ಚಿತ್ರವಾಗಿಸಿದಳು. 1919ರಲ್ಲಿ 'ವಿಸೆಂಟಾ' ನಿರ್ದೇಶಿಸಿದಳು. ಮುಂದೆ ಸ್ಪೇನಿಗೆ ಹೋಗಿ ಚಿತ್ರ ತೆಗೆದಳು. 1922ರ 'ಸೊಲೇಯ್ ಎ ಓಂಬ್ರ್', ಅಂದರೆ ಬಿಸಿಲು ಮತ್ತು ನೆರಳು, ಗೂಳಿಕಾಳಗದವನೊಬ್ಬನನ್ನು ಪ್ರೀತಿಸುವ ಇಬ್ಬರು ಹೆಂಗಸರ ಕಥೆ. ಆ ಎರಡೂ ಪಾತ್ರಗಳನ್ನು ತಾನೇ ಮಾಡಿದಳು. 1928ರಲ್ಲೂ 1934ರಲ್ಲೂ ಕಾದಂಬರಿ ಪ್ರಕಟಿಸಿದಳು.

"ಜೊತೆಗೆ ಗಂಡಸು ನಿರ್ದೇಶಕರೂ ಇದ್ದರಲ್ಲ?" ಎನ್ನುವವರಿದ್ದಾರೆ. ಹೌದು, ಕೆಲವು ಚಿತ್ರಗಳಿಗೆ ಇದ್ದರು. ಇದ್ದರೇನಂತೆ? ಇಬ್ಬರು ಸೇರಿ ಮಾಡಿದ ಕೆಲಸದಲ್ಲಿ ಅವನು 'ಮಾಡಿದ', ಅವಳು 'ಕೈಜೋಡಿಸಿದಳು'. ಈ ವ್ಯಾಕರಣ ನಮ್ಮ ಮನೆಗಳಲ್ಲೂ ಗೊತ್ತಿರುವುದೇ ಅಲ್ಲವೇ? ಫೊಯಾದನ ಚಿತ್ರದಲ್ಲಿ ಇವಳಿದ್ದಳೆಂದು ಆ ಚಿತ್ರ ಫೊಯಾದನದಲ್ಲ ಎಂದು ಯಾರೂ ಹೇಳಲಿಲ್ಲ.

ನನ್ನನ್ನು ಹೆಚ್ಚು ಕಲಕುವುದು ಆಕೆಯ ಕೊನೆಯ ವರ್ಷಗಳು. ಪ್ಯಾರಿಸ್ಸಿನಲ್ಲಿ ಹಳೆಯ ಚಿತ್ರಗಳನ್ನು ಕಾಪಾಡುವ ಸಿನೆಮಾತೆಕ್ ಫ್ರಾನ್ಸೇಸ್ ಸಂಸ್ಥೆಯಲ್ಲಿ ಕೆಲಸಕ್ಕೆ ಸೇರಿದಳು. ಮೂಕಿಯುಗದವರ ನೆನಪುಗಳನ್ನು ಕೂಡಿಹಾಕಲು ಶ್ರಮಿಸಿದಳು. 1957ರಲ್ಲಿ ತೀರಿಕೊಂಡಳು. ಎಲ್ಲರ ನೆನಪನ್ನು ಜೋಪಾನ ಮಾಡಿದವಳಿಗೆ ಲೋಕ ಉಳಿಸಿಕೊಟ್ಟದ್ದು ಮಾತ್ರ ಒಂದು ಕಪ್ಪು ಉಡುಪು!

ಆಕೆಯನ್ನು ಮರೆಯಲೊಪ್ಪದವರು ಹೆಂಗಸರೇ. 1974ರಲ್ಲಿ ಪ್ಯಾರಿಸ್ಸಿನಲ್ಲಿ ಮಹಿಳೆಯರ ಚಿತ್ರೋತ್ಸವ ನಡೆಸಿದ ಗುಂಪು ತನಗೆ ಮ್ಯೂಸಿಡೋರಾ ಎಂದೇ ಹೆಸರಿಟ್ಟುಕೊಂಡಿತು. ಅಷ್ಟಾದರೂ ನಾವು ಮಾಡೋಣ. ಇನ್ನು ಮೇಲೆ ಯಾವ ನಟಿಯ ಮಾತು ಬಂದರೂ ಆಕೆ ಏನು ಉಟ್ಟಿದ್ದಳೆಂದು ಕೇಳುವ ಮೊದಲು, ಏನು ಮಾಡಿದಳೆಂದು ಕೇಳೋಣ.