ಉರಿ ಇಳಿಸಿದರೆ ಆಟ ಏರುತ್ತದೆ

ಬೇಸಿಗೆ ರಜೆಯಲ್ಲಿ ಕಲಬುರಗಿಯ ತಂಗಿಯ ಮನೆಗೆ ಹೋಗಿದ್ದೆ. ಹೊರಗೆ 40 ಡಿಗ್ರಿ ದಾಟಿದ ಬಿಸಿಲು. ಒಳಗೆ ಅದಕ್ಕಿಂತಲೂ ಬಿಸಿಯಾದ ಜಗಳ. ಒಂಬತ್ತನೇ ತರಗತಿ ಮುಗಿಸಿದ ಸೋದರಳಿಯ ಟ್ಯಾಬ್ಲೆಟ್ ಹಿಡಿದುಕೊಂಡು ಮುಖ ಊದಿಸಿ ಕೂತಿದ್ದ.

‘ಮಾಮಾ, ಇದು ಕೆಟ್ಟದ. ಹೊಸಾದು ಕೊಡಸು ಅಂತ ಅಪ್ಪಗ ನೀವರ ಹೇಳ್ರಿ.’

ತಂಗಿ ಅಡುಗೆಮನೆಯಿಂದಲೇ ಉತ್ತರ ಕೊಟ್ಟಳು. ‘ಪಾಠದ ಸಲುವಾಗಿ ಅಂತ ಕಂತಿನ ಮ್ಯಾಲ ತಗೊಂಡದ್ದು ಅಣ್ಣಾ. ಕಂತು ಇನ್ನೂ ಮುಗದಿಲ್ಲ, ಅಷ್ಟರಾಗ ಕೆಟ್ಟತಂತ!’

ಕಾಯಿಲೆ ಏನೆಂದು ವಿಚಾರಿಸಿದೆ. ಪಾಠದ ವಿಡಿಯೊಗಳಿಗೆ ಯಾವ ತಕರಾರೂ ಇಲ್ಲ. ಕಾರು ಓಡಿಸುವ ಆಟಕ್ಕೆ ಕೂತರೆ ಮಾತ್ರ ಮೊದಲ ಹತ್ತು ನಿಮಿಷ ಬಾಣದ ಹಾಗೆ ಹೋಗುವ ಕಾರು ಆಮೇಲೆ ಕುಂಟತೊಡಗುತ್ತದೆ. ತಿರುವಿನಲ್ಲಿ ಚಿತ್ರ ನಿಂತು ನಿಂತು ಬರುತ್ತದೆ. ಅಷ್ಟರಲ್ಲಿ ಹಿಂದಿದ್ದವರೆಲ್ಲ ಮುಂದೆ ಹೋಗಿರುತ್ತಾರೆ.

ಆಟದ ಸೆಟ್ಟಿಂಗ್ ತೆರೆದು ನೋಡಿದೆ. ಗ್ರಾಫಿಕ್ಸ್ ತುತ್ತತುದಿಯಲ್ಲಿತ್ತು. ಫ್ರೇಮ್ ರೇಟ್ ತುತ್ತತುದಿಯಲ್ಲಿತ್ತು. ಪರದೆಯ ಬೆಳಕೂ ಪೂರ್ತಿ. ಸಾಲದ್ದಕ್ಕೆ ಟ್ಯಾಬ್ಲೆಟ್‌ನ ಆಟದ ಮೆನುವಿನಲ್ಲಿ ‘ಪರ್ಫಾರ್ಮೆನ್ಸ್’ ಎಂಬುದನ್ನೂ ಒತ್ತಿಟ್ಟಿದ್ದ. ಯಂತ್ರಕ್ಕೆ ದಪ್ಪ ರೆಕ್ಸಿನ್ ಹೊದಿಕೆ, ಅದರ ಕೆಳಗೆ ಹತ್ತಿಯ ಗಾದಿ, ಪಕ್ಕದಲ್ಲಿ ಚುಚ್ಚಿದ ಚಾರ್ಜರ್. ಮುಟ್ಟಿದರೆ ಆಗಷ್ಟೇ ಇಳಿಸಿದ ಹಂಚಿನ ನೆನಪಾಗುತ್ತಿತ್ತು.

‘ಎಲ್ಲಾ ಜಾಸ್ತೀನ ಇಟ್ಟೀನಲ್ರಿ ಮಾಮಾ, ಮತ್ಯಾಕ ಹಿಂಗ?’

ಜಾಸ್ತಿ ಇಟ್ಟದ್ದಕ್ಕೇ ಹೀಗೆ ಎಂದರೆ ಹುಡುಗರು ನಂಬುವುದಿಲ್ಲ. ದೊಡ್ಡವರೂ ನಂಬುವುದಿಲ್ಲ. ಆದ್ದರಿಂದ ಅವನ ಅವ್ವನ ಒಲೆಯ ಮುಂದೆಯೇ ಕರೆದೊಯ್ದು ತೋರಿಸಿದೆ. ಅಲ್ಲಿ ರೊಟ್ಟಿ ಬೇಯುತ್ತಿತ್ತು. ರೊಟ್ಟಿ ದೊಡ್ಡದೂ ಆಗಬೇಕು, ಬೇಗ ಬೇಗನೂ ಬರಬೇಕು ಎಂದರೆ ಉರಿ ಹೆಚ್ಚಿಸಬೇಕು. ಟ್ಯಾಬ್ಲೆಟ್‌ನ ಚಿಪ್ಪಿನ ಕತೆಯೂ ಅದೇ. ಅದು ಸುಡುವ ರೊಟ್ಟಿಯೆಂದರೆ ಚಿತ್ರ. ಸೆಕೆಂಡಿಗೆ 30 ಚಿತ್ರ ಬೇಕೆಂದರೆ ಒಂದೊಂದಕ್ಕೂ 33 ಮಿಲಿಸೆಕೆಂಡ್ ಬಿಡುವು ಸಿಗುತ್ತದೆ. 60 ಬೇಕೆಂದರೆ ಸುಮಾರು 17. ಪರದೆ 120ಕ್ಕೆ ತಕ್ಕದ್ದಾಗಿದ್ದು ನೀವೂ ಅಷ್ಟನ್ನೇ ಕೇಳಿದರೆ 8 ಚಿಲ್ಲರೆ. ಇನ್ನು ರೊಟ್ಟಿಯ ಅಗಲ. 1920ಕ್ಕೆ 1200ರ ಪರದೆಯಲ್ಲಿ 23 ಲಕ್ಷ ಚುಕ್ಕೆಗಳಿದ್ದರೆ, 2560ಕ್ಕೆ 1600ರ ಪರದೆಯಲ್ಲಿ 41 ಲಕ್ಷ. ಆಟವು ಅಷ್ಟನ್ನೂ ತುಂಬಲು ಹೊರಟರೆ ಪ್ರತಿ ಚಿತ್ರಕ್ಕೂ ಅಷ್ಟು ಚುಕ್ಕೆಗಳಿಗೆ ಬಣ್ಣ ಬಳಿಯಬೇಕು.

ಉರಿ ಹೆಚ್ಚಿದರೆ ಕಾವು ಹೆಚ್ಚುತ್ತದೆ. ಮೇಜಿನ ಮೇಲಿನ ಕಂಪ್ಯೂಟರಿಗೆ ಒಳಗೊಂದು ಫ್ಯಾನ್ ಇರುತ್ತದೆ. ಸಾಮಾನ್ಯ ಟ್ಯಾಬ್ಲೆಟ್‌ಗೆ ಆ ಭಾಗ್ಯವಿಲ್ಲ. ಅದರ ಕಾವು ಮೈಯಿಂದಲೇ ಗಾಳಿಗೆ ಹೋಗಬೇಕು. ನಾವೋ ಆ ಮೈಗೆ ರೆಕ್ಸಿನ್ ಹೊದಿಸಿ ಗಾದಿಯ ಮೇಲೆ ಮಲಗಿಸುತ್ತೇವೆ! ಕಾವು ಒಂದು ಮಿತಿ ದಾಟಿತೆಂದರೆ ಚಿಪ್ಪು ತನ್ನ ವೇಗವನ್ನು ತಾನೇ ತಗ್ಗಿಸಿಕೊಳ್ಳುತ್ತದೆ. ಎಂಜಿನಿಯರುಗಳು ಇದನ್ನು ಥ್ರಾಟ್ಲಿಂಗ್ ಎನ್ನುತ್ತಾರೆ. ಕೆಟ್ಟು ಹೋದದ್ದರ ಲಕ್ಷಣವಲ್ಲ ಇದು, ಕೆಡದಂತೆ ನೋಡಿಕೊಳ್ಳುವ ಉಪಾಯ. ಆಪಲ್ ಕಂಪನಿ ತನ್ನ ಐಪ್ಯಾಡ್ ಬಳಸಲು ಹೇಳಿರುವ ಸುತ್ತಲಿನ ಉಷ್ಣತೆ 0ಯಿಂದ 35 ಡಿಗ್ರಿ ಸೆಲ್ಸಿಯಸ್. ಕಲಬುರಗಿಯ ಮೇ ತಿಂಗಳ ಮಧ್ಯಾಹ್ನಕ್ಕೂ ಆ 35ಕ್ಕೂ ಎಷ್ಟು ದೂರವೆಂದು ಅಲ್ಲಿಯವರಿಗೆ ಹೇಳಬೇಕಾಗಿಲ್ಲ.

ಇಲ್ಲೊಂದು ಲೆಕ್ಕವಿದೆ. ಚಿಪ್ಪಿನ ವೇಗ ಏರಿಸಲು ಸಾಮಾನ್ಯವಾಗಿ ಅದಕ್ಕೆ ಕೊಡುವ ವೋಲ್ಟೇಜನ್ನೂ ಏರಿಸಬೇಕು. ಅದು ಕೆಲಸಕ್ಕೆ ಬಳಸುವ ವಿದ್ಯುತ್ತು ವೇಗದ ಜೊತೆ ಒಂದು ಪಟ್ಟು, ವೋಲ್ಟೇಜಿನ ಜೊತೆ ವರ್ಗದ ಲೆಕ್ಕದಲ್ಲಿ ಏರುತ್ತದೆ. ಎರಡನ್ನೂ ಶೇಕಡಾ 20ರಷ್ಟು ಇಳಿಸಿ ನೋಡಿ, ವಿದ್ಯುತ್ ಖರ್ಚು ಹೆಚ್ಚುಕಡಿಮೆ ಅರ್ಧಕ್ಕೇ ಇಳಿಯುತ್ತದೆ. ವೇಗದಲ್ಲಿ ಕಳೆದುಕೊಂಡದ್ದು ಐದನೆಯ ಒಂದು ಭಾಗ, ಕಾವಿನಲ್ಲಿ ಉಳಿಸಿದ್ದು ಅರ್ಧ ಭಾಗ. ಇಂಥ ವ್ಯಾಪಾರವನ್ನು ಯಾರು ಬಿಟ್ಟಾರು?

ಸರಿ, ಪ್ರಯೋಗಕ್ಕಿಳಿದೆವು. ಹೊದಿಕೆ ಬಿಚ್ಚಿದೆವು. ಚಾರ್ಜರ್ ಕಿತ್ತೆವು. ಚಾರ್ಜ್ ಆಗುವಾಗ ಬ್ಯಾಟರಿಯೂ ತನ್ನ ಪಾಲಿನ ಬಿಸಿ ಸೇರಿಸುತ್ತದೆ, ಬಿಸಿಯಲ್ಲಿ ಚಾರ್ಜ್ ಮಾಡಿದಷ್ಟೂ ಅದರ ಆಯುಸ್ಸು ಸವೆಯುತ್ತದೆ. ಗಾದಿ ಬಿಟ್ಟು ಫ್ಯಾನಿನ ಕೆಳಗೆ ಮರದ ಮೇಜಿಗೆ ಬಂದೆವು. ಬೆಳಕು ಅರ್ಧಕ್ಕಿಳಿಯಿತು, ‘ಪರ್ಫಾರ್ಮೆನ್ಸ್’ ಹೋಗಿ ‘ಸ್ಟ್ಯಾಂಡರ್ಡ್’ ಬಂತು. ಉಳಿದದ್ದು ಒಂದೇ ಪ್ರಶ್ನೆ. ಚಿತ್ರ ಚೆಂದವಿರಬೇಕೋ, ಓಟ ನಯವಾಗಿರಬೇಕೋ? ಅದನ್ನು ಹುಡುಗನಿಗೇ ಬಿಟ್ಟೆ. ಅವನು ಮರಗಿಡಗಳ ನೆರಳು, ಕಾರಿನ ಹೊಳಪು ಎಲ್ಲವನ್ನೂ ಕೆಳಗಿಳಿಸಿ ಫ್ರೇಮ್ ರೇಟ್ ಮಾತ್ರ 60ಕ್ಕೆ ಇಟ್ಟ. ಕತೆ ಹೇಳುವ ನಿಧಾನದ ಆಟವಾಗಿದ್ದರೆ ನಾನು ತಿರುವುಮುರುವು ಮಾಡುತ್ತಿದ್ದೆ. ಅಲ್ಲಿ 30 ಸಾಕು, ಚೆಂದವೇ ಮುಖ್ಯ. ಕಾರಿನ ಆಟಕ್ಕೆ ಅವನ ಆಯ್ಕೆಯೇ ಸರಿ. ಗೋಡೆ ಗಡಿಯಾರ ನೋಡಿಕೊಂಡು ಕೂತೆವು. ಮುಕ್ಕಾಲು ತಾಸಾದರೂ ಕಾರು ಕುಂಟಲಿಲ್ಲ.

‘ಗೆಳ್ಯಾ ಒಬ್ಬಾಂವ ಫ್ರಿಜ್ಜಿನ್ಯಾಗ ಇಡು ಅಂದಿದ್ದ,’ ಎಂದ ಅಳಿಯ. ಪುಣ್ಯಕ್ಕೆ ಇಟ್ಟಿರಲಿಲ್ಲ. ಫ್ರಿಜ್ಜಿನಿಂದ ತೆಗೆದ ತಣ್ಣನೆಯ ಲೋಟದ ಮೇಲೆ ನೀರಹನಿ ಮೂಡುವುದನ್ನು ನೋಡಿದ್ದೀರಲ್ಲ, ಅದೇ ಹನಿ ಯಂತ್ರದ ಒಳಗೂ ಮೂಡಬಹುದು. ‘ಬೂಸ್ಟರ್’ ಎಂದು ಹೆಸರಿಟ್ಟುಕೊಂಡು ಬರುವ ಆ್ಯಪ್‌ಗಳ ಹಿಂದೆಯೂ ಹೋಗಬೇಡಿ. ಇಲ್ಲದ ಶಕ್ತಿಯನ್ನು ಚಿಪ್ಪಿಗೆ ತಂದುಕೊಡುವ ಆ್ಯಪ್ ಯಾವುದೂ ಇಲ್ಲ.

ಯಂತ್ರ ತಾನಾಗಿ ವೇಗ ತಗ್ಗಿಸುವುದು ತಪ್ಪಲ್ಲ ಎಂದೆ. ತಪ್ಪಾಗುವುದು ಅದನ್ನು ಮುಚ್ಚಿಟ್ಟಾಗ. 2022ರ ಮಾರ್ಚ್‌ನಲ್ಲಿ ದಕ್ಷಿಣ ಕೊರಿಯಾದಲ್ಲಿ ನಡೆದದ್ದು ಅದೇ. ಸ್ಯಾಮ್‌ಸಂಗ್‌ನ ಗೇಮ್ ಆಪ್ಟಿಮೈಸಿಂಗ್ ಸರ್ವೀಸ್ ಎಂಬ ತಂತ್ರಾಂಶ ಆಟಗಳ ವೇಗವನ್ನು ತಗ್ಗಿಸುತ್ತಿದೆ, ಆದರೆ ವೇಗ ಅಳೆಯುವ ಪರೀಕ್ಷಾ ಆ್ಯಪ್‌ಗಳನ್ನು ಮುಟ್ಟುತ್ತಿಲ್ಲ ಎಂದು ಬಳಕೆದಾರರು ಪತ್ತೆ ಹಚ್ಚಿದರು. ಪರೀಕ್ಷೆಯಲ್ಲಿ ಒಂದು ಅಂಕ, ಮನೆಯಲ್ಲಿ ಇನ್ನೊಂದು! ಗೀಕ್‌ಬೆಂಚ್ ಎಂಬ ಪರೀಕ್ಷಾ ಆ್ಯಪ್ ತಯಾರಿಸುವ ಸಂಸ್ಥೆ ಆ ಕಂಪನಿಯ ನಾಲ್ಕು ತಲೆಮಾರಿನ ಗ್ಯಾಲಕ್ಸಿ ಎಸ್ ಫೋನುಗಳನ್ನೂ ಆಮೇಲೆ ಟ್ಯಾಬ್ ಎಸ್8 ಟ್ಯಾಬ್ಲೆಟ್‌ಗಳನ್ನೂ ತನ್ನ ಪಟ್ಟಿಯಿಂದ ಕೈಬಿಟ್ಟಿತು. ಬಿಸಿಯಾಗದಿರಲಿ ಎಂದು ಹಾಗೆ ಮಾಡಿದೆವೆಂದು ಕಂಪನಿ ಹೇಳಿತು, ಷೇರುದಾರರ ಸಭೆಯಲ್ಲಿ ಕ್ಷಮೆ ಕೇಳಿತು, ಆಯ್ಕೆಯನ್ನು ಬಳಕೆದಾರರಿಗೇ ಬಿಡುವ ಅಪ್‌ಡೇಟ್ ಕೊಟ್ಟಿತು.

ಆ ಆಯ್ಕೆ ಈಗ ನಮ್ಮ ಕೈಯಲ್ಲಿದೆ. ಆದರೆ ಅದರ ಅರ್ಥ ಗೊತ್ತಿಲ್ಲದಿದ್ದರೆ ಎಲ್ಲವನ್ನೂ ತುದಿಗೇರಿಸಿ, ಯಂತ್ರ ಬಸವಳಿದಾಗ ಹೊಸದಕ್ಕೆ ಹಟ ಹಿಡಿಯುತ್ತೇವೆ. ಹಾಸಿಗೆ ಇದ್ದಷ್ಟು ಕಾಲು ಚಾಚಬೇಕೆಂಬ ಮಾತು ಟ್ಯಾಬ್ಲೆಟ್‌ಗೂ ಸಲ್ಲುತ್ತದೆ. ಹತ್ತು ನಿಮಿಷದ ಗರಿಷ್ಠಕ್ಕಿಂತ ಒಂದು ತಾಸು ತಾಳುವ ಮಧ್ಯಮವೇ ಮೇಲು.

ಹೊಸ ಟ್ಯಾಬ್ಲೆಟ್‌ನ ಖರ್ಚು ಉಳಿಯಿತೆಂದು ಬೀಗುತ್ತ ತಂಗಿಯ ಮುಖ ನೋಡಿದೆ. ಅವಳು ಹಂಚು ಇಳಿಸುತ್ತ ಕೇಳಿದಳು:

‘ಆಟ ತಾಸುಗಟ್ಲೆ ನಿಲ್ಲದ ಓಡೋಹಂಗ ಮಾಡಿಟ್ಟಿ. ಇವನ್ನ ಅಲ್ಲಿಂದ ಎಬ್ಬಸೋ ಸೆಟ್ಟಿಂಗ್ ಎಲ್ಲೈತಿ ಅಣ್ಣಾ?’